ಗಡುವಿನ ಆಮೇಲಿನ ‘ಬಾಡಿಗೆ’ಗೆ ಕನ್ನಡದಲ್ಲಿ ಏನನ್ನಬೇಕು?

ಎಲ್ಲರಿಗೂ ನಮಸ್ಕಾರ. ತುಮಕೂರಿನಿಂದ ಬರೆಯುತ್ತಿದ್ದೇನೆ. ಅಂಗಡಿ ಬಿಡಿ ಅಂದ ಗಡುವು ಮುಗಿದ ಮೇಲೂ ಅಲ್ಲೇ ಇರುವವರು ಕೊಡುವ ದುಡ್ಡಿಗೆ ಒಂದು ಪದ ಬೇಕಾಗಿದೆ. ಪುಸ್ತಕದಲ್ಲಿ ಇಡುವಂಥದ್ದಲ್ಲ, ರಸೀತಿಯಲ್ಲಿ ಬರೆಯುವಂಥದ್ದು.

ಮಂಡಿಪೇಟೆಯಲ್ಲಿ ನಮ್ಮ ಚಿಕ್ಕಪ್ಪನದೊಂದು ಮಳಿಗೆ ಇದೆ. 12 ಅಡಿ ಅಗಲ, 20 ಅಡಿ ಉದ್ದ. ಬಾಡಿಗೆಗೆ ಇರುವವರು ಏಳು ತಿಂಗಳಿಂದ ದುಡ್ಡು ಕೊಟ್ಟಿರಲಿಲ್ಲ. ಅಡ್ವಾನ್ಸೂ ಕರಗಿಹೋಗಿತ್ತು. ಬಾಕಿ ಕಟ್ಟಿ, 15 ದಿನ ಕಳೆದ ಮೇಲೆ ಅಂಗಡಿ ಬಿಡಿ ಅಂತ ವಕೀಲರಿಂದ ನೋಟಿಸು ಹೋಯಿತು. ಗಡುವು ಮುಗಿದು ಒಂದು ತಿಂಗಳಾದ ಮೇಲೆ ಆ ಪುಣ್ಯಾತ್ಮರು ಬಂದು, ‘ಹಳೇದು ಆಮೇಲೆ ನೋಡೋಣ, ಇದು ಈ ತಿಂಗಳಿಂದು’ ಅಂತ ದುಡ್ಡು ಎಣಿಸಿ ಇಟ್ಟರು. ಬಂದಷ್ಟು ಬರಲಿ ಅಂತ ಚಿಕ್ಕಪ್ಪ ರಸೀತಿ ಹರಿದು ಕೊಟ್ಟರು. ‘ಬಾಡಿಗೆ ಬಾಬ್ತು ಸಂದಾಯ’.

ರಸೀತಿ ನೋಡಿ ವಕೀಲರು ತಲೆ ಮೇಲೆ ಕೈ ಹೊತ್ತು ಕೂತರು. 1882ರ ಸ್ವತ್ತು ವರ್ಗಾವಣೆ ಕಾಯ್ದೆಯಲ್ಲಿ 113ನೇ ಕಲಂ ಅಂತ ಒಂದಿದೆ. ಅದರ ಕೆಳಗೆ ಕೊಟ್ಟಿರುವ ಉದಾಹರಣೆಯೇ ಇದು: ಬಿಡಿ ಅಂತ ನೋಟಿಸು ಕೊಟ್ಟವರು ಗಡುವಿನ ಆಮೇಲಿನ ಬಾಡಿಗೆ ಇಸಿದುಕೊಂಡರೆ ನೋಟಿಸು ಬಿಟ್ಟುಕೊಟ್ಟಂತೆ. ರಸೀತಿಯೊಂದರಿಂದಲೇ ಕೇಸು ಬಿದ್ದುಹೋಗಲ್ಲ, ಬಾಡಿಗೆ ಮುಂದುವರಿಸುವ ಮನಸ್ಸಿತ್ತಾ ಅಂತ ಕೋರ್ಟು ನೋಡುತ್ತದೆ ಎಂದು ಧೈರ್ಯವನ್ನೂ ಹೇಳಿದರು. ಆದರೂ ಎದುರಿನವರ ಕೈಗೆ ಸುಮ್ನೆ ಒಂದು ಅಸ್ತ್ರ ಕೊಟ್ಟಂತಾಯಿತು ಅಲ್ವಾ?

ಹಾಗಾದರೆ ಆ ದುಡ್ಡು ಬಾಡಿಗೆ ಅಲ್ಲದೆ ಮತ್ತೇನು? ‘ಮೀನ್ ಪ್ರಾಫಿಟ್ಸ್’ ಅಂದರು ವಕೀಲರು. ‘ಒಳಗೆ ಇರೋದು ಬೇಳೆ ಮೂಟೆ ಸ್ವಾಮಿ, ಮೀನೆಲ್ಲಿ ಬಂತು?’ ಅಂದರು ಚಿಕ್ಕಪ್ಪ. ಇಂಗ್ಲಿಷಿನಲ್ಲಿ ಬರೆಯುವಾಗ ಆ ‘ಮೀನ್’ (mesne) ಪದದ ನಡುವೆ ಒಂದು ‘ಎಸ್’ ಇದೆ, ಓದುವಾಗ ಇಲ್ಲ. ಹಳೇ ಫ್ರೆಂಚಿನಿಂದ ಬಂದದ್ದು, ‘ನಡುವಿನ’ ಅಂತ ಅರ್ಥ.

1908ರ ಸಿವಿಲ್ ಪ್ರಕ್ರಿಯಾ ಸಂಹಿತೆಯ 2ನೇ ಕಲಂನಲ್ಲಿ ಇದರ ವಿವರಣೆ ಇದೆ. ಹಕ್ಕಿಲ್ಲದೆ ಸ್ವತ್ತು ಹಿಡಿದು ಕೂತವರು ಅದರಿಂದ ಪಡೆದದ್ದು, ಇಲ್ಲವೇ ಸರಿಯಾಗಿ ನೋಡಿಕೊಂಡಿದ್ದರೆ ಪಡೆಯಬಹುದಾಗಿದ್ದದ್ದು, ಜೊತೆಗೆ ಬಡ್ಡಿ. ಅಂದರೆ ಹಳೇ ಬಾಡಿಗೆಯಷ್ಟೇ ಇರಬೇಕು ಅಂತಿಲ್ಲ. 2004ರ ಡಿಸೆಂಬರಿನಲ್ಲಿ ಸುಪ್ರೀಂ ಕೋರ್ಟು ತೀರ್ಮಾನಿಸಿದ ದೆಹಲಿಯ ಒಂದು ಕೇಸಿನಲ್ಲಿ ತಿಂಗಳ ಬಾಡಿಗೆ 371 ರೂಪಾಯಿ 90 ಪೈಸೆ. ಬಿಡಿಸುವ ಆದೇಶ ಆದ ಮೇಲೂ ತಡೆ ಪಡೆದು ಅಲ್ಲೇ ಇರಬೇಕಾದರೆ ತಿಂಗಳಿಗೆ 15,000 ಕಟ್ಟಬೇಕು ಅನ್ನುವ ಷರತ್ತು ಉಳಿಯಿತು. 371 ಎಲ್ಲಿ, 15,000 ಎಲ್ಲಿ! ಎರಡನ್ನೂ ‘ಬಾಡಿಗೆ’ ಅಂದರೆ ಹೇಗೆ?

(ಬಾಡಿಗೆ ಕಾಯ್ದೆ ಇರುವಾಗ 1882ರದ್ದು ಯಾಕೆ ಅಂತ ಕೇಳಬಹುದು. ನಮ್ಮದು ಬಾಡಿಗೆ ಕಾಯ್ದೆಗೆ ಬರುವುದಿಲ್ಲ. 1999ರ ಕರ್ನಾಟಕ ಕಾಯ್ದೆ ಅಂಗಡಿಗಳಲ್ಲಿ 14 ಚದರ ಮೀಟರಿನವರೆಗಿನವಕ್ಕೆ ಮಾತ್ರ. ಚಿಕ್ಕಪ್ಪನದು ಸುಮಾರು 22.)

ಈಗ ಪದಕ್ಕೆ ಬರೋಣ. ‘ಬಾಕಿ’ ಅನ್ನುವಂತಿಲ್ಲ. ಗಡುವಿಗೆ ಮುಂಚಿನ ಏಳು ತಿಂಗಳದ್ದಕ್ಕೆ ಆ ಹೆಸರು ಬೇಕು. ‘ಮಧ್ಯಂತರ ಲಾಭ’ ಅಂದರೆ ಪದಕ್ಕೆ ಪದ ಇಟ್ಟಂತಾಯಿತೇ ಹೊರತು ಅರ್ಥ ಬರಲಿಲ್ಲ. ಮಧ್ಯಂತರ ಅಂದರೆ ಕೋರ್ಟಿನಲ್ಲಿ ಮಧ್ಯಂತರ ಆದೇಶವೇ ನೆನಪಾಗೋದು. ‘ಲಾಭ’ ಅಂದದ್ದಕ್ಕಂತೂ ಚಿಕ್ಕಪ್ಪನಿಗೆ ರೇಗಿಹೋಯಿತು. ‘ಅಂಗಡಿ ಅವರ ಕೈಲಿದೆ, ನಾನು ಕೋರ್ಟಿಗೆ ಅಲೀತಿದ್ದೀನಿ, ನಂಗೆ ಲಾಭನಾ?’

‘ಹುಟ್ಟುವಳಿ’ ಹೊಲಕ್ಕೆ ಚೆನ್ನಾಗಿ ಒಪ್ಪುತ್ತದೆ. ಯಾರದೋ ಹೊಲ ಹಿಡಿದು ರಾಗಿ ಬೆಳೆದುಕೊಂಡವನ ಲೆಕ್ಕ ಅದು. ಮಳಿಗೆಯಲ್ಲಿ ಏನು ಹುಟ್ಟುತ್ತದೆ? ‘ಅನುಭೋಗದ ಹಣ’ದಲ್ಲಿ ಸುಖಪಟ್ಟ ವಾಸನೆ ಜಾಸ್ತಿ. ನನಗೆ ತೋಚಿದ್ದು ‘ಇರುವಳಿ’. ಹಿಡುವಳಿ, ಹುಟ್ಟುವಳಿ ಇರುವಾಗ ಇರುವಳಿ ಯಾಕಾಗಬಾರದು? ಆದರೆ ರಸೀತಿಯಲ್ಲಿ ‘ಇರುವಳಿ ಬಾಬ್ತು’ ಅಂತ ಬರೆದರೆ ಓದಿದವರು ಈರುಳ್ಳಿ ಅಂದುಕೊಳ್ಳುತ್ತಾರೇನೋ. ಮಂಡಿಪೇಟೆ ಬೇರೆ.

ಚಿಕ್ಕಮ್ಮ ಒಲೆ ಮುಂದಿನಿಂದಲೇ ‘ಕೂತ ದುಡ್ಡು ಅನ್ನಿ’ ಅಂದರು. ಬಿಡಿ ಅಂದ ಮೇಲೂ ಕೂತಿದ್ದಕ್ಕೆ ಕೊಡುವ ದುಡ್ಡು. ನನಗೆ ಬಹಳ ಹಿಡಿಸಿತು. ಒಂದೇ ತೊಡಕು, ಅದನ್ನು ಎಲ್ಲೋ ಸಿಕ್ಕಿಕೊಂಡು ಕೂತುಹೋದ ದುಡ್ಡು ಅಂತಲೂ ಓದಬಹುದು. ಚಿಕ್ಕಪ್ಪನ ಪಾಲಿಗೆ ಸದ್ಯಕ್ಕೆ ಅದೂ ನಿಜವೇ ಅನ್ನಿ.

ಪದ ಕಟ್ಟುವ ಶಕ್ತಿ ನಮ್ಮಲ್ಲಿ ಇಲ್ಲ ಅಂತಲ್ಲ. ಹೊಸ ಮನೆ ಸೇರುವುದಕ್ಕೆ ನಮ್ಮ ಕಡೆ ‘ಮನೆ ಒಕ್ಕಲು’ ಅಂತೇವೆ, ಬಿಡಿಸುವುದಕ್ಕೆ ‘ಒಕ್ಕಲೆಬ್ಬಿಸು’. ಸೇರುವುದೂ ಏಳುವುದೂ ಒಂದೇ ಬೇರಿನಿಂದ ಬಂದಿವೆ. ಎದ್ದು ಹೋಗಿ ಅಂದ ಮೇಲೂ ಏಳದೆ ಇರುವ ಆ ನಡುವಿನ ಕಾಲಕ್ಕೆ ಮಾತ್ರ ಹೆಸರು ಸಿಗುತ್ತಿಲ್ಲ.

ಕೋಲಾರ, ಚಿಕ್ಕಬಳ್ಳಾಪುರದ ಕಡೆ ಕೋರ್ಟಿನ ಹಳೇ ಗುಮಾಸ್ತರು, ಅರ್ಜಿ ಬರೆಯುವವರು ಇದಕ್ಕೆ ಏನಾದರೂ ಅನ್ನುತ್ತಿದ್ದರಾ? ನೀವು ಕೇಳಿದ್ದರೆ ತಿಳಿಸಿ. ಬಾಡಿಗೆಯವರು ಮತ್ತೆ ದುಡ್ಡು ತಂದರೆ ಚಿಕ್ಕಪ್ಪ ಈ ಸಲ ಪೆನ್ನು ಹಿಡಿಯುವ ಮುಂಚೆ ನನಗೆ ಫೋನ್ ಮಾಡುತ್ತಾರಂತೆ.