ಮಾರ್ಪಡಿಸಿದ ವೀ ಕನ್ಸೋಲಿನಲ್ಲಿ ಗೇಮ್ ಬಾಯ್ ಅಡ್ವಾನ್ಸ್ ಆಟಗಳು: ಮಸುಕು ಚಿತ್ರ, ತಡವರಿಸುವ ಚಲನೆ, ಕಳೆದುಹೋದ ಸೇವ್

ಕಿರುಪರದೆ ಕೇಳಿದ ಪ್ರಶ್ನೆ:

ನನ್ನ ಬಳಿ ಇರುವ ನಿಂಟೆಂಡೊ ವೀ ಕನ್ಸೋಲಿಗೆ ಲೆಟರ್‌ಬಾಂಬ್ ವಿಧಾನದಿಂದ ಹೋಮ್‌ಬ್ರೂ ಚಾನೆಲ್ (ಹವ್ಯಾಸಿಗಳು ಬರೆದ ಅನಧಿಕೃತ ತಂತ್ರಾಂಶಗಳನ್ನು ಓಡಿಸುವ ಮೆನು) ಹಾಕಿಕೊಂಡು ಎರಡು ವಾರಗಳಾದವು. ಸಿಸ್ಟಂ ಮೆನು 4.3 ಆವೃತ್ತಿಯದು. ಗೇಮ್ ಬಾಯ್ ಅಡ್ವಾನ್ಸ್‌ನ ನನ್ನ ಹಳೆಯ ಆಟಗಳನ್ನು ದೊಡ್ಡ ಪರದೆಯ ಮೇಲೆ ಮತ್ತೆ ಆಡಬೇಕೆಂಬುದೊಂದೇ ಇದರ ಉದ್ದೇಶ. ಅಂಗೈಯಗಲದ ಆ ಪರದೆಯನ್ನು ಅರ್ಧ ಗಂಟೆ ನೋಡಿದರೆ ಈಗ ಕಣ್ಣು ಸೋಲುತ್ತದೆ. ಆಟಗಳು ಓಡುತ್ತಿವೆ, ಆದರೆ ಓಡುವ ರೀತಿ ನೆಮ್ಮದಿ ಕೊಡುತ್ತಿಲ್ಲ.

ಚಿತ್ರವನ್ನು ಪರದೆ ತುಂಬುವಂತೆ ಹಿಗ್ಗಿಸಿದಾಗ ಅಕ್ಷರಗಳು ಮಸುಕಾಗುತ್ತವೆ, ಮಸುಕನ್ನು ತೆಗೆಯುವ ಆಯ್ಕೆ ಹಾಕಿದರೆ ಹಿನ್ನೆಲೆ ಸರಿಯುವಾಗ ಗೆರೆಗಳು ನಡುಗುತ್ತವೆ. ಬಣ್ಣಗಳು ನನ್ನ ನೆನಪಿನಲ್ಲಿರುವುದಕ್ಕಿಂತ ಬಹಳ ಢಾಳಾಗಿವೆ. ಚಲನೆ ನುಣುಪಾಗಿ ಸಾಗುತ್ತಿರುವಾಗಲೇ ಕೆಲವು ಸೆಕೆಂಡುಗಳಿಗೊಮ್ಮೆ ಕ್ಷಣಮಾತ್ರ ತಡವರಿಸುತ್ತದೆ. ಇವೆಲ್ಲವನ್ನೂ ಸಹಿಸಿಕೊಂಡೇನು, ಆದರೆ ಮೊನ್ನೆ ಮೂರು ಗಂಟೆ ಆಡಿ, ಆಟದೊಳಗಿನ ಮೆನುವಿನಿಂದಲೇ ಸೇವ್ ಮಾಡಿ, ಕನ್ಸೋಲ್ ಆರಿಸಿ ಮರುದಿನ ತೆರೆದರೆ ಅಷ್ಟೂ ಮಾಯವಾಗಿತ್ತು. ನಾನು ಬಳಸುತ್ತಿರುವುದು ವಿಷುಯಲ್ ಬಾಯ್ ಅಡ್ವಾನ್ಸ್ ಜಿಎಕ್ಸ್ ಎಂಬ ಎಮ್ಯುಲೇಟರ್, ಅಂದರೆ ಒಂದು ಯಂತ್ರವನ್ನು ಇನ್ನೊಂದರಲ್ಲಿ ಅನುಕರಿಸುವ ತಂತ್ರಾಂಶ. ಕನ್ಸೋಲಿನ ಜೊತೆಗೆ ಬಂದ ಹಳದಿ-ಬಿಳಿ-ಕೆಂಪು ಕೇಬಲ್‌ನಿಂದ ಅಗಲವಾದ ಎಲ್‌ಸಿಡಿ ಟಿವಿಗೆ ಜೋಡಿಸಿದ್ದೇನೆ. ಇದೇ ಯಂತ್ರದಲ್ಲಿ ನಿಂಟೆಂಡೊದ ಮುಂದಿನ ಕೈಯಂತ್ರವಾದ ಡಿಎಸ್‌ನ ಆಟಗಳನ್ನೂ ಆಡಲು ಸಾಧ್ಯವೇ ಎಂಬುದನ್ನು ದಯವಿಟ್ಟು ತಿಳಿಸಿ.

ಸಾಲುಬಿಂದು ಬರೆದದ್ದು:

ಚಿತ್ರದ ವಿಷಯವನ್ನಷ್ಟೇ ನಾನು ಹೇಳುತ್ತೇನೆ, ಏಕೆಂದರೆ ನಾನು ಹೆಚ್ಚು ಹೊತ್ತು ಕಳೆದಿರುವುದು ಅದರ ಜೊತೆಗೇ.

ಮೊದಲು ಕೇಬಲ್ ಬದಲಿಸಿ. ಆ ಮೂರು ಬಣ್ಣದ ಕೇಬಲ್‌ನಲ್ಲಿ ಇಡೀ ಚಿತ್ರ ಸಾಗುವುದು ಹಳದಿ ತಂತಿಯೊಂದರಲ್ಲೇ. ಬೆಳಕಿನ ಮಾಹಿತಿಯೂ ಬಣ್ಣದ ಮಾಹಿತಿಯೂ ಅದರೊಳಗೆ ಬೆರೆತು ಹೋಗುವುದರಿಂದ ಸಣ್ಣ ಅಕ್ಷರಗಳ ಅಂಚು ಅಲ್ಲಿಯೇ ಹಾಳಾಗುತ್ತದೆ, ಜೊತೆಗೆ ಆ ಸಂಕೇತ 480ಐ ಆಗಿರುವುದರಿಂದ ಟಿವಿ ಬೆಸ ಗೆರೆಗಳನ್ನೂ ಸಮ ಗೆರೆಗಳನ್ನೂ ಜೋಡಿಸಿ ಒಂದು ಚಿತ್ರ ಮಾಡಲು ಸಮಯ ತೆಗೆದುಕೊಳ್ಳುತ್ತದೆ. ಗುಂಡಿ ಒತ್ತಿದ ಮೇಲೆ ಪಾತ್ರ ಹಾರುವುದು ತಡವೆನಿಸಿದ್ದರೆ ಅದಕ್ಕೂ ಇದು ಒಂದು ಕಾರಣ. ಐದು ತಂತಿಗಳ ಕಾಂಪೊನೆಂಟ್ ಕೇಬಲ್ ಹಾಕಿ, ವೀ ಸೆಟ್ಟಿಂಗ್ಸ್‌ನಲ್ಲಿ 480ಪಿ (ಎಲ್ಲ ಗೆರೆಗಳನ್ನೂ ಒಟ್ಟಿಗೆ ಕಳಿಸುವ ಬಗೆ) ಆರಿಸಿ, ಟಿವಿಯಲ್ಲಿ ಗೇಮ್ ಮೋಡ್ ಹಾಕಿ. ಎಮ್ಯುಲೇಟರಿನ ಯಾವ ಆಯ್ಕೆಯೂ ಈ ಮೂರು ಕೆಲಸಗಳಷ್ಟು ವ್ಯತ್ಯಾಸ ತರುವುದಿಲ್ಲ.

ಇನ್ನು ಗೆರೆಗಳ ನಡುಕ. ಗೇಮ್ ಬಾಯ್ ಅಡ್ವಾನ್ಸ್‌ನ ಪರದೆ 240×160 ಪಿಕ್ಸೆಲ್‌ಗಳದು. ಅದನ್ನು 640 ಪಿಕ್ಸೆಲ್ ಅಗಲಕ್ಕೆ ಹಿಗ್ಗಿಸಬೇಕಾದರೆ ಪ್ರತಿ ಪಿಕ್ಸೆಲ್ಲೂ ಎರಡೂ ಮುಕ್ಕಾಲಿಗೆ ಸ್ವಲ್ಪ ಕಡಿಮೆ ಅಗಲವಾಗಬೇಕು. ಪಿಕ್ಸೆಲ್ಲನ್ನು ಹಾಗೆ ತುಂಡರಿಸಲಾಗದು. ಆದ್ದರಿಂದ ಕೆಲವು ಮೂರು ಪಟ್ಟು, ಕೆಲವು ಎರಡು ಪಟ್ಟು ಹಿಗ್ಗುತ್ತವೆ. ನಿಂತ ಚಿತ್ರದಲ್ಲಿ ಇದು ಕಾಣುವುದಿಲ್ಲ, ಹಿನ್ನೆಲೆ ಸರಿಯತೊಡಗಿದೊಡನೆ ಒಂದೇ ಕಂಬ ಒಮ್ಮೆ ದಪ್ಪವಾಗಿ ಒಮ್ಮೆ ತೆಳ್ಳಗಾಗಿ ನಡುಗಿದಂತೆ ಕಾಣುತ್ತದೆ. ಇದನ್ನು ಮರೆಮಾಚಲು ಫಿಲ್ಟರ್ ಹಾಕಿದರೆ ನಿಮ್ಮ ಮಸುಕು ಬಂದು ಕೂರುತ್ತದೆ. ಹೀಗಾಗಿ ನಿಮ್ಮ ಎರಡು ದೂರುಗಳೂ ಒಂದೇ ಕಾಯಿಲೆಯ ಎರಡು ಮುಖಗಳು.

ಮದ್ದು ಸರಳ, ಆದರೆ ಮನಸ್ಸು ಒಪ್ಪಬೇಕು: ಸರಿಯಾಗಿ ಎರಡು ಪಟ್ಟು, ಅಂದರೆ 480×320 ಇಟ್ಟುಕೊಳ್ಳಿ. ಸುತ್ತ ಕಪ್ಪು ಅಂಚು ಉಳಿಯುತ್ತದೆ, ಪ್ರತಿ ಪಿಕ್ಸೆಲ್ಲೂ ಚೌಕವಾಗಿ ನಿಲ್ಲುತ್ತದೆ. ಮೂರು ಪಟ್ಟು ಮಾಡಿದರೆ 720×480 ಆಗಿ ಲೆಕ್ಕಕ್ಕೆ ಚೊಕ್ಕವಾಗಿ ಕೂರುತ್ತದೆಯಲ್ಲ ಎಂದು ನಾನೂ ಹಿಗ್ಗಿದ್ದೆ. ಆದರೆ ಆ 720 ಬಿಂದುಗಳು ಟಿವಿಯಲ್ಲಿ 4:3 ಚೌಕಟ್ಟಿನೊಳಗೆ ಹರಡಿಕೊಳ್ಳುವುದರಿಂದ 3:2 ಆಕಾರದ ಚಿತ್ರ ಅಕ್ಕಪಕ್ಕದಿಂದ ಒತ್ತಿದಂತಾಗಿ ಉರುಟು ನಾಣ್ಯ ಮೊಟ್ಟೆಯಾಕಾರವಾಗುತ್ತದೆ. ಕನ್ಸೋಲನ್ನು 16:9ಕ್ಕೆ ಇಟ್ಟಿದ್ದರೆ ಇದರ ವಿರುದ್ಧ ದೋಷ ಬರುತ್ತದೆ, ಚಿತ್ರ ಅಡ್ಡಡ್ಡವಾಗಿ ಉಬ್ಬುತ್ತದೆ. ಈ ಆಟಗಳಿಗೆ ಕನ್ಸೋಲನ್ನೂ ಟಿವಿಯನ್ನೂ 4:3ರಲ್ಲಿಡಿ. ಮೊದಲ ಗೇಮ್ ಬಾಯ್‌ನ ಆಟಗಳು ಈ ವಿಷಯದಲ್ಲಿ ಪುಣ್ಯವಂತ ಆಟಗಳು: ಅವುಗಳ 160×144 ಚಿತ್ರ ಮೂರು ಪಟ್ಟು ಹಿಗ್ಗಿ 480×432 ಆಗಿ, ಎತ್ತರವನ್ನು ಹೆಚ್ಚುಕಡಿಮೆ ತುಂಬಿಕೊಂಡು ನಿಲ್ಲುತ್ತದೆ.

ಬಣ್ಣಗಳ ಬಗ್ಗೆ ನಿಮ್ಮ ನೆನಪು ಸರಿಯಾಗಿಯೇ ಇದೆ. 2001ರ ಮೂಲ ಯಂತ್ರದ ಪರದೆಗೆ ತನ್ನದೇ ಬೆಳಕು ಇರಲಿಲ್ಲ. ಆ ಮಂಕು ಪರದೆಯಲ್ಲೂ ಕಾಣಲೆಂದು ಅನೇಕ ಆಟಗಳ ಬಣ್ಣಗಳನ್ನು ಬೇಕೆಂದೇ ಹೊಳಪಾಗಿ ಆರಿಸಿದ್ದರು. ಅದೇ ಬಣ್ಣಗಳು ಬೆಳಗುವ ಟಿವಿಗೆ ಬಂದಾಗ ಕಣ್ಣಿಗೆ ಹೊಡೆಯುತ್ತವೆ. ಎಮ್ಯುಲೇಟರಿನಲ್ಲಿ ಬಣ್ಣ ತಿದ್ದುವ ಆಯ್ಕೆ ಇದ್ದರೆ ಹಾಕಿ, ಇಲ್ಲವಾದರೆ ಟಿವಿಯಲ್ಲಿಯೇ ಬಣ್ಣದ ಸಾಂದ್ರತೆಯನ್ನು ಇಳಿಸಿ. ನೆರಳು ಅಥವಾ ನೀರು ಮಿಣುಮಿಣುಕುತ್ತಿದ್ದರೆ ಅದು ದೋಷವೆಂದು ಭಾವಿಸಬೇಡಿ; ಹಳೆಯ ಎಲ್‌ಸಿಡಿ ನಿಧಾನವಾಗಿ ಬದಲಾಗುತ್ತಿದ್ದುದನ್ನು ಬಳಸಿಕೊಂಡು, ಒಂದು ಫ್ರೇಮ್ (ಚಲನೆಯ ಒಂದು ಬಿಡಿ ಚಿತ್ರ) ಬಿಟ್ಟು ಒಂದರಲ್ಲಿ ಚಿತ್ರ ಬಿಡಿಸಿ ಅರೆಪಾರದರ್ಶಕ ನೋಟ ತರುತ್ತಿದ್ದ ಆಟಗಳಿವೆ. ಎರಡು ಫ್ರೇಮ್‌ಗಳನ್ನು ಬೆರೆಸುವ ಆಯ್ಕೆ ಅದನ್ನು ಮರಳಿ ತರುತ್ತದೆ.

ಗಡಿಯಾರ ಬರೆದದ್ದು:

ತಡವರಿಸುವಿಕೆಯ ಕಾರಣ ಲೆಕ್ಕದಲ್ಲೇ ಸಿಗುತ್ತದೆ. ಗೇಮ್ ಬಾಯ್ ಅಡ್ವಾನ್ಸ್ ಸೆಕೆಂಡಿಗೆ 59.73 ಫ್ರೇಮ್‌ಗಳನ್ನು ತೋರಿಸುತ್ತದೆ, ವೀ ಟಿವಿಗೆ ಕಳಿಸುವುದು 59.94. ವ್ಯತ್ಯಾಸ 0.21 ಮಾತ್ರ, ಆದರೆ ಅದು ಕೂಡುತ್ತಾ ಹೋಗಿ ಸುಮಾರು 4.7 ಸೆಕೆಂಡುಗಳಿಗೊಮ್ಮೆ ಒಂದು ಫ್ರೇಮ್ ಕೊರತೆ ಬೀಳುತ್ತದೆ, ಆಗ ಹಿಂದಿನ ಫ್ರೇಮ್ ಎರಡು ಬಾರಿ ಕಾಣುತ್ತದೆ. ಗಡಿಯಾರ ಹಿಡಿದು ಎಣಿಸಿ ನೋಡಿ. ನಿಮ್ಮ ತಡವರಿಕೆ ಅದೇ ಅಂತರದಲ್ಲಿ ಬರುತ್ತಿದ್ದರೆ ಅನುಮಾನವೇ ಬೇಡ. ಒಂದು ವೇಳೆ ಕನ್ಸೋಲ್ ಪಾಲ್ ಎಂಬ ಟಿವಿ ಪದ್ಧತಿಯ ಮಾದರಿಯದಾಗಿದ್ದು 50 ಹರ್ಟ್ಸ್‌ನಲ್ಲಿದ್ದರೆ, ಅಂದರೆ ಸೆಕೆಂಡಿಗೆ 50 ಚಿತ್ರ ಕಳಿಸುತ್ತಿದ್ದರೆ, ಸೆಕೆಂಡಿಗೆ ಹತ್ತಿರಹತ್ತಿರ ಹತ್ತು ಫ್ರೇಮ್‌ಗಳು ಬಿಟ್ಟುಹೋಗುತ್ತವೆ, ಅದನ್ನು 60 ಹರ್ಟ್ಸ್‌ಗೆ ಬದಲಿಸದೆ ಬೇರೆ ಯಾವ ಪ್ರಯತ್ನವೂ ಫಲಿಸದು.

ಆಟವನ್ನು ಟಿವಿಯ ತಾಳಕ್ಕೇ ಓಡಿಸುವುದು ಉತ್ತಮ ದಾರಿ. ಹಾಗೆ ಮಾಡಿದಾಗ ಆಟ ಶೇ. 0.36ರಷ್ಟು ವೇಗವಾಗುತ್ತದೆ, ಸಂಗೀತದ ಶ್ರುತಿ ಅರ್ಧಸ್ವರದ ಹದಿನಾರನೇ ಒಂದು ಭಾಗದಷ್ಟು ಮೇಲೇರುತ್ತದೆ, ಅದನ್ನು ಕಿವಿ ಗುರುತಿಸುವುದಿಲ್ಲ. ಇಂತಹ ರಾಜಿಯನ್ನು ತಯಾರಕರೇ ಮಾಡಿಕೊಂಡ ಉದಾಹರಣೆ ಇದೆ. ಗೇಮ್ ಬಾಯ್ ಆಟಗಳನ್ನು ಸೂಪರ್ ನಿಂಟೆಂಡೊ ಕನ್ಸೋಲಿನಲ್ಲಿ ಆಡಿಸುತ್ತಿದ್ದ 1994ರ ಸೂಪರ್ ಗೇಮ್ ಬಾಯ್ ತನ್ನ ಗಡಿಯಾರವನ್ನು ಆ ಕನ್ಸೋಲಿನಿಂದಲೇ ಪಡೆಯುತ್ತಿದ್ದುದರಿಂದ ಅದರಲ್ಲಿ ಆಟಗಳು ಶೇ. 2.4ರಷ್ಟು ಬೇಗ ಓಡುತ್ತಿದ್ದವು. ಜಪಾನಿನಲ್ಲಿ 1998ರಲ್ಲಿ ಬಂದ ಎರಡನೆಯ ಆವೃತ್ತಿಯಲ್ಲಿ ಪ್ರತ್ಯೇಕ ಗಡಿಯಾರ ಕೊಟ್ಟು ಅದನ್ನು ಸರಿಪಡಿಸಿದರು. ನಾನು ಎರಡನ್ನೂ ಕೇಳಿದ್ದೇನೆ, ಮೊದಲನೆಯದರಲ್ಲಿ ಶ್ರುತಿ ಏರಿರುವುದು ಸ್ಪಷ್ಟವಾಗಿ ತಿಳಿಯುತ್ತದೆ, ಇಲ್ಲಿ ತಿಳಿಯುವುದಿಲ್ಲ.

ಎಂಜಿಬಿಎ ಎಂಬ ಇನ್ನೊಂದು ಎಮ್ಯುಲೇಟರಿಗೂ ವೀ ಆವೃತ್ತಿ ಇದೆ. ನಿಖರತೆಯಲ್ಲಿ ಅದರ ಮೇಲೆ ನನಗೆ ಹೆಚ್ಚು ವಿಶ್ವಾಸ, ಅದರ ಪಿಕ್ಸೆಲ್-ನಿಖರ ಆಯ್ಕೆ ಸಾಲುಬಿಂದು ಅವರು ಹೇಳಿದ ಕೆಲಸವನ್ನೇ ಮಾಡುತ್ತದೆ. ಭಾರವಾದ ಕೆಲವು ಆಟಗಳಲ್ಲಿ ಅದು ನಿಧಾನವಾದಾಗ ಮಾತ್ರ ನಾನು ಜಿಎಕ್ಸ್‌ಗೆ ಮರಳುತ್ತೇನೆ.

ಡಿಎಸ್ ಆಸೆಯನ್ನು ಈ ಯಂತ್ರದ ಮಟ್ಟಿಗೆ ಬಿಟ್ಟುಬಿಡಿ. ಗೇಮ್ ಬಾಯ್ ಅಡ್ವಾನ್ಸ್‌ನ ಪ್ರೊಸೆಸರ್ 16.78 ಮೆಗಾಹರ್ಟ್ಸ್‌ನದು, ವೀಯದು 729. ಅನುಕರಣೆಗೆ ಬೇಕಾದ ನಲವತ್ತು ಪಟ್ಟಿಗೂ ಮೀರಿದ ಬಿಡುವು ಅಲ್ಲಿದೆ. ಡಿಎಸ್‌ನಲ್ಲಿ 67 ಮತ್ತು 33 ಮೆಗಾಹರ್ಟ್ಸ್‌ನ ಎರಡು ಪ್ರೊಸೆಸರ್‌ಗಳು ಒಟ್ಟೊಟ್ಟಿಗೆ ದುಡಿಯುತ್ತವೆ, ಅದರ ಮೇಲೆ ಎರಡು ಪರದೆಗಳು ಮತ್ತು ಮೂರು ಆಯಾಮದ ಚಿತ್ರಗಳು. ಡೆಸ್ಮ್ಯೂಮ್ ಎಮ್ಯುಲೇಟರನ್ನು ವೀಗೆ ತಂದವರಿದ್ದಾರೆ, ಆದರೆ ಅದು ಆಡುವಷ್ಟು ವೇಗದಲ್ಲಿ ಓಡುವುದಿಲ್ಲ. ವೀ ನಂತರ ಬಂದ ವೀ ಯು ಕನ್ಸೋಲ್ ಬೇರೆ ಮಾತು. ಅದಕ್ಕೆ 2015ರಲ್ಲಿ ಡಿಎಸ್ ಆಟಗಳನ್ನು ಅಧಿಕೃತವಾಗಿಯೇ ಮಾರಿದ್ದರು, ಗೇಮ್‌ಪ್ಯಾಡಿನ ಪರದೆ ಅದಕ್ಕೆ ಹೇಳಿಮಾಡಿಸಿದಂತಿತ್ತು.

ಕಾರ್ಟ್ರಿಜ್ ಕಪಾಟು ಬರೆದದ್ದು:

ಮೂರು ಗಂಟೆಯ ಆಟ ಹೋದದ್ದಕ್ಕೆ ಬೇಸರವಾಯಿತು. ನೀವು ಕನ್ಸೋಲನ್ನು ನೇರವಾಗಿ ಪವರ್ ಗುಂಡಿಯಿಂದ ಆರಿಸಿರಬೇಕು. ಆಟದೊಳಗೆ ಸೇವ್ ಮಾಡಿದಾಗ ಜಿಎಕ್ಸ್ ಅದನ್ನು ಮೆಮೊರಿಯಲ್ಲಷ್ಟೇ ಇಟ್ಟುಕೊಳ್ಳುತ್ತದೆ. ನೀವು ಎಮ್ಯುಲೇಟರಿನ ಮೆನುವಿಗೆ ಮರಳಿದಾಗ ಅದು ಎಸ್‌ಡಿ ಕಾರ್ಡಿಗೆ ಇಳಿಯುತ್ತದೆ. ಆಡಿ ಮುಗಿಸಿದ ಮೇಲೆ ಹೋಮ್ ಗುಂಡಿ ಒತ್ತಿ ಮೆನುವಿಗೆ ಬಂದು, ಸೇವ್ ಆಯಿತೆಂಬ ಸೂಚನೆ ನೋಡಿ, ಆಮೇಲೆ ಆರಿಸಿ. ಎಸ್‌ಡಿ ಕಾರ್ಡಿನ ಪಕ್ಕದ ಲಾಕ್ ಗುಂಡಿ ಕೆಳಗೆ ಸರಿದಿದ್ದರೂ ಸೇವ್ ಬರೆಯಲಾಗದು, ಅದನ್ನೂ ಒಮ್ಮೆ ನೋಡಿ.

ಇನ್ನೊಂದು ಕಾರಣವೂ ಇರಬಹುದು. ಈ ಆಟಗಳ ಕಾರ್ಟ್ರಿಜ್‌ಗಳಲ್ಲಿ ಸೇವ್ ಇಡುವ ಚಿಪ್ ಒಂದೇ ಬಗೆಯದಲ್ಲ: ಬ್ಯಾಟರಿ ಆಧಾರದ 32 ಕೆಬಿ ಎಸ್‌ರ‍್ಯಾಮ್, 64 ಅಥವಾ 128 ಕೆಬಿ ಫ್ಲ್ಯಾಶ್, 512 ಬೈಟ್ ಅಥವಾ 8 ಕೆಬಿ ಇಇಪ್ರಾಮ್ ಹೀಗೆ. ಯಾವ ಆಟಕ್ಕೆ ಯಾವುದು ಎಂಬುದನ್ನು ಎಮ್ಯುಲೇಟರ್ ಆಟದ ಕೋಡ್ ನೋಡಿ ಊಹಿಸುತ್ತದೆ, ಮಾರ್ಪಡಿಸಿದ ಪ್ರತಿಗಳಲ್ಲಿ ಆ ಊಹೆ ತಪ್ಪುತ್ತದೆ. ಪೋಕೆಮಾನ್ ರೂಬಿಯಂತಹ 128 ಕೆಬಿ ಬೇಕಾದ ಆಟಕ್ಕೆ 64 ಸಿಕ್ಕಿದರೆ, '1ಎಂ ಸಬ್-ಸರ್ಕ್ಯೂಟ್ ಬೋರ್ಡ್' ಅಳವಡಿಸಿಲ್ಲ ಎಂಬ ವಿಚಿತ್ರ ಸಂದೇಶ ಬರುತ್ತದೆ. ಆ ಸಂದೇಶ ಕಂಡವರು ಕಾರ್ಡ್ ಬದಲಿಸುತ್ತಾ ಕೂರಬಾರದು, ಸೇವ್ ಬಗೆಯನ್ನು ತಿದ್ದಬೇಕು.

ಕಾರ್ಟ್ರಿಜ್‌ಗಳು ನಿಮ್ಮವೇ ಆಗಿರುವಾಗ ಆಟದ ಪ್ರತಿಯನ್ನೂ ನೀವೇ ತೆಗೆದುಕೊಳ್ಳಿ ಎಂದು ಮನಃಪೂರ್ವಕವಾಗಿ ಕೇಳಿಕೊಳ್ಳುತ್ತೇನೆ. ನಿಮ್ಮ ವೀ ಮೇಲ್ಭಾಗದಲ್ಲಿ ಗೇಮ್‌ಕ್ಯೂಬ್ (ವೀಗಿಂತ ಹಿಂದಿನ ನಿಂಟೆಂಡೊ ಕನ್ಸೋಲ್) ಪೋರ್ಟ್‌ಗಳಿರುವ ಹಳೆಯ ಮಾದರಿಯಾದರೆ, ಗೇಮ್‌ಕ್ಯೂಬ್ ಮತ್ತು ಗೇಮ್ ಬಾಯ್ ಅಡ್ವಾನ್ಸ್‌ಗಳನ್ನು ಜೋಡಿಸುವ ಕೇಬಲ್ ಒಂದೇ ಸಾಕು: ಹೋಮ್‌ಬ್ರೂ ತಂತ್ರಾಂಶವೊಂದು ಆ ಕೇಬಲ್ ಮೂಲಕ ಕಾರ್ಟ್ರಿಜ್ಜಿನ ಆಟವನ್ನೂ ಅದರೊಳಗಿನ ಸೇವನ್ನೂ ಎಸ್‌ಡಿ ಕಾರ್ಡಿಗೆ ಇಳಿಸುತ್ತದೆ. ಇಪ್ಪತ್ತು ವರ್ಷಗಳ ಹಿಂದೆ ನಿಲ್ಲಿಸಿದ್ದ ಜಾಗದಿಂದಲೇ ನಾನು ಒಂದು ಆಟವನ್ನು ಟಿವಿಯ ಮೇಲೆ ಮುಂದುವರಿಸಿದ ಆ ಸಂಜೆಯ ಸಂತೋಷ ಇನ್ನೂ ಹಸಿಯಾಗಿದೆ.

ಹಾಗೆಯೇ ಬೂಟ್‌ಮೀ ಎಂಬ ಹೋಮ್‌ಬ್ರೂ ಸಾಧನ ಬಳಸಿ ನ್ಯಾಂಡ್ ಮೆಮೊರಿಯ (ಕನ್ಸೋಲಿನೊಳಗಿನ ಶಾಶ್ವತ ಸಂಗ್ರಹದ) ಪ್ರತಿ ತೆಗೆದಿಟ್ಟಿದ್ದೀರಾ ಎಂದು ನೀವು ಬರೆದಿಲ್ಲ. 512 ಎಂಬಿ ಮೆಮೊರಿಯ ಆ ಪ್ರತಿ ಸುಮಾರು 528 ಎಂಬಿ ಗಾತ್ರದ ಕಡತವಾಗಿ ಕಾರ್ಡಿನಲ್ಲಿ ಕೂರುತ್ತದೆ. ಅದನ್ನು ಕಂಪ್ಯೂಟರಿಗೂ ನಕಲು ಮಾಡಿಡಿ. ಅದು ಕೈಯಲ್ಲಿಲ್ಲದೆ ಥೀಮ್ ಬದಲಿಸುವುದಾಗಲಿ, ಬೇರೆ ಪ್ರದೇಶದ ಮೆನು ಹಾಕುವುದಾಗಲಿ ದಯವಿಟ್ಟು ಮಾಡಬೇಡಿ.

ಹಳೆಯ ಚೌಕಟ್ಟು ಬರೆದದ್ದು:

ನನ್ನದು ಭಿನ್ನ ಅಭಿಪ್ರಾಯ. ಹ್ಯಾಂಡ್‌ಹೆಲ್ಡ್ ಆಟವನ್ನು ಟಿವಿಯಲ್ಲಿ ನಿಷ್ಠೆಯಿಂದ ಆಡಬೇಕೆಂದರೆ ಅನುಕರಣೆ ಮಾಡದ ದಾರಿಯೇ ಮೇಲು. 2003ರಲ್ಲಿ ಬಂದ ಗೇಮ್ ಬಾಯ್ ಪ್ಲೇಯರ್ ಗೇಮ್‌ಕ್ಯೂಬಿನ ಅಡಿಗೆ ಕೂರುವ ಪೆಟ್ಟಿಗೆ. ಅದರೊಳಗೆ ನಿಜವಾದ ಗೇಮ್ ಬಾಯ್ ಅಡ್ವಾನ್ಸ್‌ನ ಯಂತ್ರಾಂಶವೇ ಇದ್ದು ಕಾರ್ಟ್ರಿಜ್ ನೇರವಾಗಿ ಓಡುತ್ತದೆ, ಸೇವ್ ಕೂಡ ಕಾರ್ಟ್ರಿಜ್ಜಿನಲ್ಲೇ ಉಳಿಯುತ್ತದೆ. ಜೊತೆಗೆ ಬರುತ್ತಿದ್ದ ಡಿಸ್ಕ್‌ನ ಚಿತ್ರ ತುಸು ಮಸುಕು, ಆದರೆ ಗೇಮ್‌ಕ್ಯೂಬನ್ನು ಮಾರ್ಪಡಿಸಿ ಗೇಮ್ ಬಾಯ್ ಇಂಟರ್‌ಫೇಸ್ ಎಂಬ ಹೋಮ್‌ಬ್ರೂ ಹಾಕಿದರೆ ಆ ಕೊರತೆಯೂ ವಿಳಂಬವೂ ಕಡಿಮೆಯಾಗುತ್ತವೆ. ವೀಗೆ ಅದನ್ನು ಜೋಡಿಸಲು ಬೇಕಾದ ಅಡಿಭಾಗದ ಪೋರ್ಟ್ ಇಲ್ಲ, ಆದ್ದರಿಂದ ಇದಕ್ಕೆ ಗೇಮ್‌ಕ್ಯೂಬೇ ಬೇಕು.

ಗಡಿಯಾರ ಮತ್ತೆ ಬರೆದದ್ದು:

ನಿಮ್ಮ ಮಾತನ್ನು ಗೌರವಿಸುತ್ತೇನೆ, ಆದರೆ ಆ ಪೆಟ್ಟಿಗೆಯೊಳಗಿನ ಯಂತ್ರವೂ 59.73 ಫ್ರೇಮ್‌ಗಳಲ್ಲೇ ಓಡುತ್ತದೆ, ಟಿವಿಯ 59.94ಕ್ಕೆ ಹೊಂದಿಸುವ ಪ್ರಶ್ನೆ ಅಲ್ಲಿಯೂ ತಪ್ಪಿದ್ದಲ್ಲ. ಯಂತ್ರವನ್ನು ಬಗ್ಗಿಸಿ ಅಥವಾ ತಿರುಗಿಸಿ ಆಡುವ ವಾರಿಯೊವೇರ್ ಟ್ವಿಸ್ಟೆಡ್‌ನಂತಹ ಆಟಗಳಲ್ಲಿ ವೀಯದೇ ಮೇಲುಗೈ. ಆ ಕಾರ್ಟ್ರಿಜ್ಜಿನೊಳಗೇ ಚಲನೆಯ ಸಂವೇದಕವಿದೆ, ಗೇಮ್ ಬಾಯ್ ಪ್ಲೇಯರಿಗೆ ಸಿಕ್ಕಿಸಿದರೆ ಇಡೀ ಗೇಮ್‌ಕ್ಯೂಬನ್ನೇ ಎತ್ತಿ ತಿರುಗಿಸಬೇಕು. ವೀಯಲ್ಲಿ ರಿಮೋಟ್ ತಿರುಗಿಸಿದರೆ ಆಯಿತು.

ಕಿರುಪರದೆ ಉತ್ತರಿಸಿದ್ದು:

ಎಲ್ಲರಿಗೂ ಕೃತಜ್ಞತೆಗಳು. ಕಾಂಪೊನೆಂಟ್ ಕೇಬಲ್ ತರಿಸಿ 480ಪಿ ಮತ್ತು 4:3 ಹೊಂದಿಸಿದೆ, ಎಂಜಿಬಿಎಯಲ್ಲಿ ಪಿಕ್ಸೆಲ್-ನಿಖರ ಆಯ್ಕೆ ಹಾಕಿದೆ. ಕಪ್ಪು ಅಂಚು ಮೊದಲ ಹತ್ತು ನಿಮಿಷ ಕಾಡಿತು, ಆಮೇಲೆ ಸಂಭಾಷಣೆಯ ಅಕ್ಷರಗಳು ಅಷ್ಟು ಸ್ಪಷ್ಟವಾಗಿ ಕಾಣತೊಡಗಿದ್ದರಿಂದ ಅದರ ಕಡೆ ಗಮನವೇ ಹೋಗಲಿಲ್ಲ. ಹಳೆಯ ಹೊಂದಾಣಿಕೆಯಲ್ಲಿ ತಡವರಿಕೆಯನ್ನು ಎಣಿಸಿ ನೋಡಿದ್ದೆ. ಹತ್ತು ಬಾರಿಗೆ 47 ಸೆಕೆಂಡು ಹಿಡಿಯಿತು. ಸೇವ್ ಹೋದದ್ದು ನಾನು ಪವರ್ ಗುಂಡಿ ಒತ್ತಿದ್ದರಿಂದಲೇ.

ನನ್ನದು ಗೇಮ್‌ಕ್ಯೂಬ್ ಪೋರ್ಟ್‌ಗಳಿರುವ ವೀ. ನ್ಯಾಂಡ್ ಪ್ರತಿಯನ್ನು ಇಂದು ಬೆಳಿಗ್ಗೆ ತೆಗೆದಿಟ್ಟೆ. ಲಿಂಕ್ ಕೇಬಲ್ ಕೈಗೆ ಬಂದ ಮೇಲೆ, ಬ್ಯಾಟರಿ ಆಧಾರದ ಸೇವ್ ಇರುವ ಕಾರ್ಟ್ರಿಜ್‌ಗಳಿಂದಲೇ ಆರಂಭಿಸುತ್ತೇನೆ, ಏಕೆಂದರೆ ಆ ಬ್ಯಾಟರಿಗಳು ಇನ್ನೆಷ್ಟು ದಿನ ಉಳಿಯುತ್ತವೆಯೋ ಎಂಬ ಆತಂಕ ನನಗಿದೆ.