ಮೂರು ಹಡಗಿನ ನೀರೆಯುಸ್‌ಗೆ ಯಾವ ಪದ: ನಾಯಕನೋ, ಪಡೆವಳನೋ, ಮುಂದಾಳೋ?

ಎಲ್ಲರಿಗೂ ನಮಸ್ಕಾರ.

ಗ್ರೀಕ್ ಕವಿ ಹೋಮರ್‌ನ ಮಹಾಕಾವ್ಯ ಇಲಿಯಡ್‌ನ ಎರಡನೆಯ ಪರ್ವದಲ್ಲಿ ಟ್ರಾಯ್ ಮೇಲೆ ದಂಡೆತ್ತಿ ಬಂದ ಹಡಗುಗಳ ಉದ್ದನೆಯ ಪಟ್ಟಿ ಇದೆ. ಗ್ರೀಕ್ ದಂಡಿಗೆಲ್ಲ ಹಿರಿಯನಾದ ಅಗಮೆಮ್ನಾನ್ 100 ಹಡಗು ತಂದ, ಮುದಿ ದೊರೆ ನೆಸ್ಟರ್ 90. ರೋಡ್ಸ್ ಹತ್ತಿರದ ಸಿಮಿ ಎಂಬ ಪುಟ್ಟ ದ್ವೀಪದಿಂದ ನೀರೆಯುಸ್ ತಂದದ್ದು ಬರೀ 3. ಇಡೀ ಪಟ್ಟಿಯಲ್ಲಿ ಇಷ್ಟು ಸಣ್ಣ ಪಡೆ ಬೇರೆ ಯಾರದೂ ಇಲ್ಲ. ಅಕಿಲೀಸ್‌ನನ್ನು ಬಿಟ್ಟರೆ ಗ್ರೀಕರಲ್ಲಿ ಇವನೇ ಚೆಲುವ. ಆದರೆ ಬಲ ಸಾಲದು, ಹಿಂದೆ ಬಂದ ಜನವೂ ಕಡಿಮೆ.

ಇಂಥವನನ್ನು ಕನ್ನಡ ಅನುವಾದದಲ್ಲಿ ಏನೆಂದು ಕರೆಯೋಣ?

'ಸೇನಾಧಿಪತಿ' ತೀರಾ ಜಾಸ್ತಿ ಆಯ್ತು. 'ಸಾಮಂತ' ಅಂದರೆ ಕಪ್ಪ ಕೊಡುವವನು. ನೀರೆಯುಸ್ ಅಗಮೆಮ್ನಾನ್‌ಗೆ ಕಪ್ಪ ಕೊಟ್ಟವನಲ್ಲ. ಈ ಯುದ್ಧಕ್ಕೆ ಕಾರಣಳಾದ ಹೆಲೆನಳ ಕೈಹಿಡಿಯಲು ಬಂದವರ ಒಂದು ಹಳೆಯ ಪಟ್ಟಿಯಲ್ಲಿ ಅವನ ಹೆಸರೂ ಇದೆ, ಅಂದರೆ ಅವನೂ ಉಳಿದ ಅರಸರ ಸಾಲಿನವನೇ. 'ಪಾಳೆಯಗಾರ' ಅಂದ ಕೂಡಲೇ ನಮಗೆ ಚಿತ್ರದುರ್ಗ ಕಣ್ಣಮುಂದೆ ಬರುತ್ತದೆ, ಅಲ್ವಾ? 'ಪಡೆವಳ' ನನಗೆ ಇಷ್ಟದ ಪದ. ಆದರೆ ಅದರಲ್ಲಿ ಇನ್ನೊಬ್ಬ ಅರಸನ ಕೈಕೆಳಗೆ ದುಡಿಯುವವನು ಎಂಬ ಭಾವ ಇದೆ.

ಮೂಲದಲ್ಲಿ ಪಟ್ಟಿ ಶುರುವಾಗುವಾಗ ಕವಿ ಇವರನ್ನೆಲ್ಲ 'ಹೆಗೆಮೋನ್' ಮತ್ತು 'ಕೊಯ್ರನೋಸ್' ಅನ್ನುತ್ತಾನೆ. ಎರಡನೆಯದಕ್ಕೆ 'ದೊರೆ' ಸಾಕು. ಹೆಗೆಮೋನ್ ಅಂದರೆ ಮುಂದೆ ನಡೆದು ದಾರಿ ತೋರುವವನು. ನಮ್ಮ 'ಮುಂದಾಳು' ಅದಕ್ಕೆ ಸರಿಯಾಗಿ ಕೂರುತ್ತದೆ. ನೀರೆಯುಸ್‌ನ ಸಾಲುಗಳಲ್ಲಿ ಅವನ ಅಪ್ಪ ಖರೋಪೋಸ್‌ಗೆ 'ಅನಕ್ಸ್' ಎಂಬ ಬಿರುದು ಇದೆ. ಅಗಮೆಮ್ನಾನ್‌ಗೂ ಅದೇ ಬಿರುದು. ಅದನ್ನು ಎರಡೂ ಕಡೆ 'ಒಡೆಯ' ಎಂದೇ ಇಡಬೇಕು. ಮಗನಿಗೆ ಮಾತ್ರ ಯಾವ ಬಿರುದೂ ಇಲ್ಲ. ಮೂರು ಹಡಗು 'ತಂದ', ಅಷ್ಟೇ. ಅದಕ್ಕೇ ಅವನಿಗೆ ದೊಡ್ಡ ಪದ ಹೊರಿಸಲು ನನಗೆ ಮನಸ್ಸಿಲ್ಲ.

ಬಿರುದಿನ ಬದಲು ಕವಿ ಅವನಿಗೆ ಕೊಟ್ಟದ್ದು ಹೆಸರನ್ನೇ. ಸಾಲಾಗಿ ಮೂರು ಸಾಲುಗಳು 'ನೀರೆಯುಸ್' ಎಂದೇ ಶುರುವಾಗುತ್ತವೆ. ಆಮೇಲೆ ಇಡೀ ಕಾವ್ಯದಲ್ಲಿ ಅವನ ಸುದ್ದಿಯೇ ಇಲ್ಲ. ಹೀಗೆ ಹೆಸರನ್ನು ಮತ್ತೆ ಮತ್ತೆ ಹೇಳಿದ್ದರಿಂದಲೇ ಅವನು ನೆನಪಿನಲ್ಲಿ ಉಳಿದ ಎಂದು ಅರಿಸ್ಟಾಟಲ್ ಗುರುತಿಸಿದ್ದಾನೆ. ಹಾಗಾಗಿ ಅನುವಾದದಲ್ಲಿ 'ಅವನು' ಎಂದು ಹಾಕಿ ಮುಗಿಸಬಾರದು. ಮೂರು ಸಲವೂ ಹೆಸರೇ ಬರಬೇಕು. ಹಳಗನ್ನಡದಲ್ಲಿ ಚೆಲುವನಿಗೆ 'ನೀರ' ಎನ್ನುತ್ತಿದ್ದರು. ಎರಡಕ್ಕೂ ನಂಟಿಲ್ಲ, ಸುಮ್ನೆ ದನಿ ಕೂಡಿಬಂದಿದೆ. ಆದರೂ ಕನ್ನಡದ ಕಿವಿಗೆ ಹಿತ.

ಈಗ ನನ್ನ ಪ್ರಶ್ನೆ. 'ಮುಂದಾಳು' ಇವತ್ತು ಸಂಘ, ಪಕ್ಷ, ಚಳವಳಿಗಳ ಮಾತಾಗಿದೆ. ಯುದ್ಧದ ಸಂದರ್ಭದಲ್ಲಿ ಅದು ಒಂಟಿಯಾಗಿ ನಿಲ್ಲುತ್ತದೆಯೇ? 'ಪಡೆಯ ಮುಂದಾಳು' ಎಂದೇ ಬರೆಯಬೇಕೇ? ನಿಮ್ಮ ಊರಿನ ಮಾತಿನಲ್ಲಿ ಸಣ್ಣ ದಂಡಿನ ಯಜಮಾನನಿಗೆ ಬೇರೆ ಪದ ಇದ್ದರೆ, ಬಳಕೆಯ ಉದಾಹರಣೆ ಜೊತೆಗೆ ತಿಳಿಸಿ.