ಬೋರಾನ್ ನೈಟ್ರೈಡ್ ಪುಡಿಯೊಂದಿಗೆ ಕೆಲಸ: ಹೊಸೂರಿನಿಂದ ಒಂದು ಪ್ರಶ್ನೆ, ಬಳಸಿದವರ ಅನುಭವ

ಪ್ರಶ್ನೆ: ಹೊಸೂರಿನ ಸಣ್ಣ ಅಲ್ಯೂಮಿನಿಯಂ ಎರಕದ ಘಟಕವೊಂದರಲ್ಲಿ ನಾನು ಮೇಲ್ವಿಚಾರಕ. ಅಚ್ಚಿಗೂ ಲ್ಯಾಡಲ್‌ಗೂ (ಕರಗಿದ ಲೋಹವನ್ನು ಎತ್ತಿ ಸುರಿಯುವ ಸೌಟು) ಲೋಹ ಅಂಟದಿರಲೆಂದು ಇದುವರೆಗೆ ಗ್ರಾಫೈಟ್ ಲೇಪ ಹಚ್ಚುತ್ತಿದ್ದೆವು. ಈ ತಿಂಗಳಿನಿಂದ ಬೋರಾನ್ ನೈಟ್ರೈಡ್ ಬಂದಿದೆ, ಒಂದಷ್ಟು ಪುಡಿಯಾಗಿ, ಒಂದಷ್ಟು ಸ್ಪ್ರೇ ಡಬ್ಬಿಯಲ್ಲಿ. ಬಿಳಿ ಪುಡಿ ಮೂಗಿಗೆ ಹೋಗುತ್ತದೆಂದು ಹುಡುಗರು ಹೆದರುತ್ತಾರೆ, ಮಾರಿದವರು ಏನೂ ಆಗದು ಎನ್ನುತ್ತಾರೆ. ಬಳಸಿದವರು ದಯವಿಟ್ಟು ತಿಳಿಸಬೇಕು.

ಮೊದಲ ಉತ್ತರ: ಮಾರಿದವರ ಮಾತು ಅರ್ಧ ನಿಜ. ಷಡ್ಭುಜ ರೂಪದ ಬೋರಾನ್ ನೈಟ್ರೈಡ್ ಗ್ರಾಫೈಟಿನಂತೆಯೇ ಪದರ ಪದರವಾಗಿರುವ, ಬೇರೆ ವಸ್ತುಗಳೊಡನೆ ಸುಲಭವಾಗಿ ರಾಸಾಯನಿಕ ಕ್ರಿಯೆಗೆ ಇಳಿಯದ ಪುಡಿ. ಅದಕ್ಕೆ ಬಿಳಿ ಗ್ರಾಫೈಟ್ ಎಂಬ ಹೆಸರೂ ಇದೆ. ಹಾಗೆಂದು ಧೂಳು ಧೂಳಲ್ಲದೆ ಹೋಗುವುದಿಲ್ಲ. ಪ್ರತ್ಯೇಕ ಮಿತಿಯಿಲ್ಲದ ಧೂಳಿಗೆ ಅಮೆರಿಕದ ನಿಯಮವು ಎಂಟು ಗಂಟೆಯ ಸರಾಸರಿಯಲ್ಲಿ ಘನ ಮೀಟರಿಗೆ ಒಟ್ಟು 15 ಮಿಲಿಗ್ರಾಂ, ಶ್ವಾಸಕೋಶದ ಆಳಕ್ಕಿಳಿಯುವ ಸಣ್ಣ ಕಣಗಳಿಗೆ 5 ಮಿಲಿಗ್ರಾಂ ಎಂದು ಗೆರೆ ಹಾಕಿದೆ. ಚೀಲ ಬಿಚ್ಚಿ ಸುರಿಯುವ ಜಾಗದಲ್ಲಿ ಧೂಳು ಹೀರುವ ಕೊಳವೆ ಇರಲಿ, ಸುರಿಯುವವರು ಸಣ್ಣ ಧೂಳನ್ನು ಸೋಸುವ ಎಫ್‌ಎಫ್‌ಪಿ2 ದರ್ಜೆಯ ಮಾಸ್ಕ್ ಹಾಕಲಿ. ಬಟ್ಟೆಯನ್ನು ಕಂಪ್ರೆಸರ್ ಗಾಳಿಯಿಂದ ಊದಿಕೊಳ್ಳುವ ಅಭ್ಯಾಸವನ್ನು ಮಾತ್ರ ಇಂದೇ ನಿಲ್ಲಿಸಿ.

ನಮ್ಮಲ್ಲಿ ಅನಾಹುತವಾದದ್ದು ಪುಡಿಯಿಂದಲ್ಲ, ಸ್ಪ್ರೇಯಿಂದ. ಆಗ ನಾನಿದ್ದ ಕಾರ್ಖಾನೆಯಲ್ಲಿ ರಾತ್ರಿ ಪಾಳಿಯವರೊಬ್ಬರು ಬಿಸಿ ಆರದ ಅಚ್ಚಿನ ಮೇಲೆ ಡಬ್ಬಿಯನ್ನು ಒತ್ತಿದರು. ಅದರೊಳಗಿನ ದ್ರಾವಕವೂ ತಳ್ಳುವ ಅನಿಲವೂ ಹೊತ್ತಿಕೊಂಡು ಅವರ ಮುಂಗೈ ಸುಟ್ಟಿತು. ಬೋರಾನ್ ನೈಟ್ರೈಡ್ ಉರಿಯುವ ವಸ್ತುವಲ್ಲ, ಡಬ್ಬಿಯಲ್ಲಿ ಅದರ ಜೊತೆಗಿರುವುದು ಉರಿಯುತ್ತದೆ ಎಂಬುದನ್ನು ನಮಗೆ ಯಾರೂ ಹೇಳಿರಲಿಲ್ಲ. ಡಬ್ಬಿಯ ಮೇಲಿನ ಇಂಗ್ಲಿಷ್ ಸೂಚನೆಯನ್ನು ಕನ್ನಡ, ತಮಿಳು, ತೆಲುಗಿನಲ್ಲಿ ಬರೆದು ಅಂಟಿಸಿದ್ದು ಆಮೇಲೆ.

ಹಾಗೆಂದು ಸ್ಪ್ರೇ ಬಿಟ್ಟು ಪುಡಿಯನ್ನು ನೀರಿನಲ್ಲಿ ಕಲಸಿ ಹಚ್ಚುವ ಲೇಪ ನಿರಪಾಯವೇನಲ್ಲ. ಹಿಂಗಾರು ಮಳೆಯ ದಿನಗಳಲ್ಲಿ ನಿಮ್ಮ ಹೊಸೂರಿನ ಥಂಡಿಗೆ ಅದು ಮೇಲ್ನೋಟಕ್ಕೆ ಒಣಗಿದಂತೆ ಕಂಡರೂ ಒಳಗೆ ಹಸಿಯಾಗಿರುತ್ತದೆ. ಅದರ ಮೇಲೆ 700 ಡಿಗ್ರಿಯ ಲೋಹ ಬಿದ್ದರೆ, ಸಿಕ್ಕಿಬಿದ್ದ ನೀರು ಆವಿಯಾಗಿ ಸಾವಿರದ ಆರುನೂರು ಪಟ್ಟಿಗೂ ಹೆಚ್ಚು ಹಿಗ್ಗಿ ಕರಗಿದ ಲೋಹವನ್ನು ಮುಖಕ್ಕೆ ಎರಚುತ್ತದೆ. ಲ್ಯಾಡಲನ್ನು ಕಾಯಿಸಿ ಪೂರ್ತಿ ಒಣಗಿಸದೆ ಲೋಹಕ್ಕೆ ಅದ್ದಲು ಬಿಡಬೇಡಿ.

ಎರಡನೆಯ ಉತ್ತರ: ನನ್ನದು ಒಂದೇ ಮಾತು, ನೆಲ. ಈ ಪುಡಿ ಜಾರುಕವೆಂದೇ ಅದನ್ನು ಬಳಸುವುದು, ಆದರೆ ನೆಲದ ಮೇಲೂ ಅದು ಅಷ್ಟೇ ಜಾರುತ್ತದೆ. ಲೋಹ ತುಂಬಿದ ಲ್ಯಾಡಲ್ ಹಿಡಿದವನ ಕಾಲಡಿ ಬಿದ್ದರೆ ಗತಿಯೇನು? ಪೊರಕೆ ಬೇಡ, ಸಣ್ಣ ಕಣಗಳನ್ನು ಹಿಡಿಯುವ ವ್ಯಾಕ್ಯೂಮ್ ಅಥವಾ ಒದ್ದೆ ಬಟ್ಟೆ ಬಳಸಿ; ಒರೆಸಿದ ಜಾಗ ಒಣಗುವ ತನಕ ಲೋಹ ಅತ್ತ ಬರಬಾರದು.

ಕೇಳಿದವರು: ತುಂಬಾ ಉಪಕಾರವಾಯಿತು. ಇನ್ನೊಂದು ಸಂದೇಹವಿದೆ. ನೀರಿನ ತೊಟ್ಟಿಯ ಪಕ್ಕದಲ್ಲಿಟ್ಟಿದ್ದ ಹಳೆಯ ಚೀಲವನ್ನು ಬಿಚ್ಚಿದರೆ ಅಮೋನಿಯಾದ ಘಾಟು ಬರುತ್ತದೆ. ಇದು ಏಕೆ?

ಮೊದಲ ಉತ್ತರ ಬರೆದವರು: ಕಡಿಮೆ ಶುದ್ಧತೆಯ ಪುಡಿ ತೇವದಲ್ಲಿ ಬಹುಕಾಲ ಇದ್ದರೆ ನಿಧಾನವಾಗಿ ಒಡೆದು ಅಮೋನಿಯಾವನ್ನೂ ಬೋರಿಕ್ ಆಮ್ಲವನ್ನೂ ಕೊಡುತ್ತದೆ. ಘಾಟಿಗಿಂತ ಆ ಆಮ್ಲದ ಬಗ್ಗೆ ನನಗೆ ಹೆಚ್ಚು ಎಚ್ಚರ, ಏಕೆಂದರೆ ಬೋರಿಕ್ ಆಮ್ಲವನ್ನೂ ಬೋರಿಕ್ ಆಕ್ಸೈಡನ್ನೂ ಐರೋಪ್ಯ ಒಕ್ಕೂಟವು ಸಂತಾನಶಕ್ತಿಗೆ ಮತ್ತು ಗರ್ಭದ ಶಿಶುವಿಗೆ ಹಾನಿಕರವಾಗಬಲ್ಲ ವಸ್ತುಗಳ ಪಟ್ಟಿಯಲ್ಲಿ ಇಟ್ಟಿದೆ. ಹೊಸ ಪುಡಿಯಲ್ಲಿಯೂ ಆ ಆಕ್ಸೈಡ್ ಸ್ವಲ್ಪ ಉಳಿದಿರಬಹುದು. ಎಷ್ಟಿದೆ ಎಂಬುದನ್ನು ಮಾರಿದವರಿಂದ ಸುರಕ್ಷತಾ ಮಾಹಿತಿ ಹಾಳೆ ತರಿಸಿ ಅದರ 3ನೇ ವಿಭಾಗದಲ್ಲಿ ನೋಡಿ. ಮಾಸ್ಕ್ ಮತ್ತು ಗಾಳಿಯ ವ್ಯವಸ್ಥೆ 8ನೇ ವಿಭಾಗದಲ್ಲಿರುತ್ತದೆ. ಹಾಳೆ ಕೊಡಲು ಹಿಂದೆಮುಂದೆ ನೋಡುವವರಿಂದ ನಾನಂತೂ ಸರಕು ಕೊಳ್ಳುವುದಿಲ್ಲ. ಆ ಹಳೆಯ ಚೀಲವನ್ನು ಬಳಸದೆ ಕಟ್ಟಿ ಬೇರೆಯಾಗಿಡಿ, ಉಳಿದವನ್ನು ಬಿಗಿಯಾದ ಮುಚ್ಚಳದ ಡ್ರಮ್ಮಿಗೆ ತುಂಬಿ ತೊಟ್ಟಿಯಿಂದ ದೂರ, ಹಲಗೆಯ ಮೇಲೆ ಇರಿಸಿ.